518 ಕಂತು

ಗೃಹಪ್ರವೇಶಕ್ಕೆ ಬಂದವರು ನಾಲ್ಕೇ ಜನ. 2021ರ ಏಪ್ರಿಲ್, ಕೊರೊನಾದ ಎರಡನೇ ಅಲೆ. ಮುಂಬಯಿ ಹತ್ತಿರದ ಡೊಂಬಿವಲಿಯಲ್ಲಿ ಅಂಗಡಿಗಳೆಲ್ಲ ಅರ್ಧ ಬಾಗಿಲು. ಹಾಲು ಉಕ್ಕಿತು, ಪಾಯಸ ತಿಂದಾಯಿತು. ಮಾವ ಮಾಸ್ಕನ್ನು ಗದ್ದಕ್ಕೆ ಇಳಿಸಿಕೊಂಡು, ಗೋಡೆಯನ್ನು ಬೆರಳಿನಿಂದ ಎರಡು ಸಲ ತಟ್ಟಿ ನೋಡಿ ಕೇಳಿದರು: "ಒಟ್ಟು ಎಷ್ಟು ಕಟ್ಟುದಾ ಮಗಾ?"

"ತಿಂಗಳಿಗೆ ಮೂವತ್ತು ಸಾವಿರದ ಏಳ್ನೂರ ಎಪ್ಪತ್ತೆರಡು ಮಾವ."

"ತಿಂಗಳಿಗೆ ಅಲ್ಲ ಮಾರಾಯಾ. ಒಟ್ಟು."

ನನಗೆ ಗೊತ್ತಿರಲಿಲ್ಲ. ಆರು ತಿಂಗಳು ಬ್ಯಾಂಕಿಗೆ ಅಲೆದಿದ್ದೆ, ನೂರಾರು ಕಡೆ ಸಹಿ ಹಾಕಿದ್ದೆ. ಬಡ್ಡಿ 6.9 ಪರ್ಸೆಂಟ್ ಅಂತ ಗೊತ್ತಿತ್ತು, 20 ವರ್ಷ ಅಂತ ಗೊತ್ತಿತ್ತು. ಆದರೆ ಒಂದು ಸಲವೂ ಕಂತನ್ನು 240ರಿಂದ ಗುಣಿಸಿ ನೋಡಿರಲಿಲ್ಲ. ಅವತ್ತು ಮಾವ ಎದುರಿಗೆ ಕೂತಿದ್ದಾಗಲೇ ಫೋನಿನಲ್ಲಿ ಗುಣಿಸಿದೆ. 73,85,280. ತೆಗೆದುಕೊಂಡ ಸಾಲ 40 ಲಕ್ಷ. ಮಾವ ಏನೂ ಹೇಳಲಿಲ್ಲ. ಇನ್ನೊಂದು ಸಲ ಗೋಡೆ ತಟ್ಟಿದರು, ಅಷ್ಟೇ.

ಮಾವ ಕುಂದಾಪುರದ ಕಡೆಯಿಂದ ಹನ್ನೆರಡನೇ ವಯಸ್ಸಿಗೆ ಮುಂಬಯಿಗೆ ಬಂದವರು. ಹಗಲು ಫೋರ್ಟಿನ ಹೋಟೆಲಿನಲ್ಲಿ ಗ್ಲಾಸು ತೊಳೆಯೋದು, ಸಂಜೆ ಕನ್ನಡ ರಾತ್ರಿ ಶಾಲೆ. ಅವರ ಮೊದಲ ಮನೆ ಗಿರ್‌ಗಾಂವಿನ ಚಾಳಿನಲ್ಲಿ ಒಂದು ಖೋಲಿ, ಅಂದರೆ ಒಂದೇ ಕೋಣೆ, ಪಗಡಿಯದ್ದು. ಮುಂಬಯಿ ಬಿಟ್ಟು ಬೇರೆ ಕಡೆಯವರಿಗೆ ಈ ಪಗಡಿ ಪದ್ಧತಿ ವಿಚಿತ್ರ ಅನ್ನಿಸಬಹುದು. ಮೊದಲೇ ಒಂದು ದೊಡ್ಡ ಮೊತ್ತ ಕೊಡಬೇಕು. ಆಮೇಲೆ ಬಾಡಿಗೆ ಅಂತ ಏನೋ ಚಿಲ್ಲರೆ. ಮಾಲೀಕ ಮಾಲೀಕನಾಗಿಯೇ ಇರ್ತಾನೆ, ಆದರೆ ಖೋಲಿ ನಿಮ್ಮದು. ಬಿಟ್ಟು ಹೋಗುವಾಗ ಹೊಸಬರಿಂದ ಬರುವ ಪಗಡಿಯಲ್ಲಿ ಮಾಲೀಕನಿಗೂ ಪಾಲು. ಬಹಳ ಕಾಲ ಕದ್ದುಮುಚ್ಚಿ ನಡೆದ ಈ ವ್ಯವಹಾರವನ್ನು ಕೊನೆಗೆ ಮಹಾರಾಷ್ಟ್ರದ 1999ರ ಬಾಡಿಗೆ ಕಾನೂನು ಒಪ್ಪಿಕೊಂಡಿತು. ಮಾವ ಆ ಪಗಡಿಯ ದುಡ್ಡನ್ನು ಹೋಟೆಲಿನ ಹುಡುಗರು ಸೇರಿ ಹಾಕುತ್ತಿದ್ದ ಚೀಟಿಯಿಂದ ಎತ್ತಿದ್ದರು. ಇಲ್ಲಿ ಅದಕ್ಕೆ ಭಿಶಿ ಅಂತಾರೆ. ಚೀಟಿ ಎತ್ತಿದವನಿಗೆ ಎರಡು ಸಂಗತಿ ಬಾಯಿಪಾಠ ಇರುತ್ತವೆ: ಒಟ್ಟು ಎಷ್ಟು, ಇನ್ನು ಎಷ್ಟು ಕಂತು ಬಾಕಿ. ನನ್ನ ಹತ್ತಿರ ಎಂಬಿಎ ಇತ್ತು. ಆ ಎರಡೂ ಗೊತ್ತಿರಲಿಲ್ಲ.

ಮನೆ ಕೊಂಡಿದ್ದು ರೀಸೇಲಿನಲ್ಲಿ, 52 ಲಕ್ಷಕ್ಕೆ. ಒಂದು ಹಾಲ್, ಒಂದು ಬೆಡ್‌ರೂಮು, ಕಿಟಕಿ ತೆರೆದರೆ ಪಕ್ಕದ ಸೊಸೈಟಿಯವರ ಒಣಗಿದ ಬಟ್ಟೆ. ಆಗ ಸ್ಟಾಂಪ್ ಡ್ಯೂಟಿಗೆ ಸರ್ಕಾರ ರಿಯಾಯಿತಿ ಕೊಟ್ಟಿತ್ತು, ಮಾರ್ಚ್ 31ರ ತನಕ. ಅದರ ಆಸೆಗೇ ಅವಸರ ಮಾಡಿದ್ದು ಅಂತ ಈಗ ಒಪ್ಪಿಕೊಳ್ಳಬಹುದು. ಮುಂಬಯಿಯಲ್ಲಿ ಈಗ ಸ್ಟಾಂಪ್ ಡ್ಯೂಟಿಯೇ 6 ಪರ್ಸೆಂಟ್, ಮೆಟ್ರೋ ಸೆಸ್ ಸೇರಿ. ಅದರ ಮೇಲೆ ನೋಂದಣಿಗೆ 1 ಪರ್ಸೆಂಟ್, ಹೆಚ್ಚೆಂದರೆ 30,000. ಬ್ರೋಕರ್ ಬೇರೆ. ಸೊಸೈಟಿಯ ಟ್ರಾನ್ಸ್‌ಫರ್ ಫೀ ಬೇರೆ, ಅದು 25,000 ದಾಟುವ ಹಾಗಿಲ್ಲ. ಇವು ಯಾವುದನ್ನೂ ಬ್ಯಾಂಕಿನ ಸಾಲ ಮುಟ್ಟೋದಿಲ್ಲ. ನಮ್ಮ ಜೇಬಿನಿಂದಲೇ ಹೋಗಬೇಕು.

ಸಾಲ ನಿಜವಾಗಿ ಬೇಕಿದ್ದದ್ದು 39 ಲಕ್ಷ. ಅದು 40 ಆದದ್ದು ಹೇಗೆ ಗೊತ್ತಾ? ಕೊನೆಯ ದಿನ, ಚೆಕ್ ಕೈಗೆ ಬರುವ ಮೊದಲು, ಬ್ಯಾಂಕಿನ ಹುಡುಗ ಒಂದು ವಿಮೆಯ ಫಾರಂ ಮುಂದಿಟ್ಟ. ಸಾಲಗಾರ ಸತ್ತರೆ ಸಾಲ ತೀರಿಸುವ ವಿಮೆ. ಪ್ರೀಮಿಯಂ ಒಂದು ಲಕ್ಷ. "ಈಗ ಕೊಡಬೇಕಾಗಿಲ್ಲ ಸರ್, ಸಾಲದಲ್ಲೇ ಸೇರಿಸ್ತೀವಿ, ಇಎಂಐ ಬರೀ 769 ಜಾಸ್ತಿಯಾಗುತ್ತೆ." 769 ಅಂದರೆ ಏನು, ಒಂದು ಸಲ ಹೊರಗೆ ಊಟ ಮಾಡಿದ ಹಾಗೆ ಅಂದುಕೊಂಡೆ. 240 ತಿಂಗಳಿಗೆ ಅದು 1,84,000 ದಾಟುತ್ತೆ. ವಿಮೆ ಬೇಡ ಅಂತಲ್ಲ. ಇಷ್ಟು ಸಾಲ ತಲೆ ಮೇಲೆ ಇಟ್ಟುಕೊಂಡವನಿಗೆ ಟರ್ಮ್ ವಿಮೆ ಬೇಕೇ ಬೇಕು. ಆದರೆ ಅದನ್ನು ಬೇರೆಯಾಗಿ ಕೊಳ್ಳಬಹುದಿತ್ತು, ವಿಮೆಗೂ ಬಡ್ಡಿ ಕಟ್ಟುವ ಕರ್ಮ ಇರಲಿಲ್ಲ.

ಎರಡು ವರ್ಷ ಏನೂ ಗೊತ್ತಾಗಲಿಲ್ಲ. ತಿಂಗಳ ಐದಕ್ಕೆ ಖಾತೆಯಿಂದ 30,772 ಹೋಗುತ್ತಿತ್ತು. ಪೇಪರಿನಲ್ಲಿ ರಿಸರ್ವ್ ಬ್ಯಾಂಕ್ ರೆಪೊ ದರ ಏರಿಸಿತು, ಮತ್ತೆ ಏರಿಸಿತು ಅಂತ ಬರುತ್ತಿತ್ತು. ರೆಪೊ ಅಂದರೆ ರಿಸರ್ವ್ ಬ್ಯಾಂಕ್ ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ಬಡ್ಡಿದರ. 2022ರ ಮೇ ತಿಂಗಳಿಂದ 2023ರ ಫೆಬ್ರುವರಿಗೆ 4 ಪರ್ಸೆಂಟಿದ್ದದ್ದು 6.5ಕ್ಕೆ ಹೋಯಿತು. 2019ರ ಅಕ್ಟೋಬರಿನಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್, ಅಂದರೆ ಬಡ್ಡಿ ಏರಿಳಿಯುವ, ಮನೆ ಸಾಲಗಳೆಲ್ಲ ಹೊರಗಿನ ಒಂದು ದರಕ್ಕೆ ಗಂಟು ಹಾಕಿಕೊಂಡಿರಬೇಕು ಅಂತ ನಿಯಮ. ನನ್ನದು ರೆಪೊಗೆ. ರೆಪೊ ಮೇಲೆ 2.9. ಅಂದರೆ 6.9 ಇದ್ದದ್ದು 9.4 ಆಗಬೇಕು. ಆಗಿಯೂ ಇತ್ತು. ಆದರೆ ಕಂತು ಮಾತ್ರ ಅದೇ 30,772! ಲೋಕಲ್ ಟ್ರೈನಿನಲ್ಲಿ ಜೊತೆಗೆ ಬರುವವರ ಎದುರು ನಾನು ಜಂಬವಾಗಿ ಹೇಳಿದ್ದೂ ಉಂಟು, "ನನ್ನ ಇಎಂಐ ಒಂದು ರೂಪಾಯಿ ಏರಿಲ್ಲ ನೋಡಿ" ಅಂತ.

2023ರ ಏಪ್ರಿಲಿನಲ್ಲಿ ಇನ್ಕಮ್ ಟ್ಯಾಕ್ಸ್ ಲೆಕ್ಕಕ್ಕೆ ಬಡ್ಡಿ ಸರ್ಟಿಫಿಕೇಟ್ ಬೇಕಾಯಿತು. ಬ್ಯಾಂಕಿನ ಸೈಟಿಗೆ ಹೋಗಿ ಡೌನ್‌ಲೋಡ್ ಮಾಡುವಾಗ ಪಕ್ಕದಲ್ಲೇ ಸಾಲದ ಸ್ಟೇಟ್‌ಮೆಂಟೂ ಇತ್ತು. ತೆರೆದೆ. ಆ ತಿಂಗಳ ಸಾಲು ಹೀಗಿತ್ತು: ಬಡ್ಡಿ 30,230. ಅಸಲು 542. ಬಾಕಿ ಕಂತು 518.

ಮೊದಲು ಬಾಕಿ ಕಂತಿನ ಕಡೆ ಕಣ್ಣು ಹೋಗಲಿಲ್ಲ. 542ರಲ್ಲೇ ನಿಂತಿತು. ಮಾಟುಂಗಾದಲ್ಲಿ ನಾಲ್ಕು ಜನ ದೋಸೆ ತಿಂದು ಕಾಫಿ ಕುಡಿದರೆ ಬಿಲ್ಲು ಅದಕ್ಕಿಂತ ಜಾಸ್ತಿಯಾಗುತ್ತೆ. ಮೂವತ್ತು ಸಾವಿರ ಕಟ್ಟಿದ ತಿಂಗಳು ನನ್ನ ಸಾಲ ಇಳಿದದ್ದು ಅಷ್ಟು. ಆಮೇಲೆ 518 ನೋಡಿದೆ. ಹನ್ನೆರಡರಿಂದ ಭಾಗಿಸಿದೆ. 43 ವರ್ಷ. ನನಗೆ ಆಗ 39. ಅಂದರೆ ಎಂಬತ್ತೆರಡನೇ ವಯಸ್ಸಿಗೆ ನಾನು ಕೋಲು ಹಿಡಿದುಕೊಂಡು ಬ್ಯಾಂಕಿಗೆ ಹೋಗಿ ಕೊನೆಯ ಕಂತು ಕಟ್ಟಬೇಕು. ಹೆಂಡತಿಯನ್ನು ಕರೆದು ತೋರಿಸಿದೆ. ಅವಳು ಪ್ರಿಂಟಿಂಗ್ ಮಿಸ್ಟೇಕ್ ಇರಬೇಕು ಅಂದಳು.

ಮಿಸ್ಟೇಕ್ ಆಗಿರಲಿಲ್ಲ. ಹಳೆಯ ಸ್ಟೇಟ್‌ಮೆಂಟುಗಳನ್ನೆಲ್ಲ ತೆಗೆದು ಒಂದು ಹಾಳೆಯಲ್ಲಿ ಬರೆದೆ. 2022ರ ಜುಲೈಯಲ್ಲಿ ಬಾಕಿ ಇರಬೇಕಾದದ್ದು 226 ಕಂತು. ಬಡ್ಡಿ 7.8 ಆದ ಕೂಡಲೇ ಅದು 266 ಆಗಿತ್ತು. ಅಕ್ಟೋಬರಿಗೆ 8.8, ಕಂತು 350. ಜನವರಿಗೆ 9.15, ಕಂತು 415. ಏಪ್ರಿಲಿಗೆ 518. ಕೊನೆಯ ಸಲ ಏರಿದ್ದು ಬರೀ ಕಾಲು ಪರ್ಸೆಂಟ್, ಅದಕ್ಕೆ ನೂರು ತಿಂಗಳು ಸೇರಿಕೊಂಡಿತ್ತು. ಕಾರಣ ಸರಳ. ಕಂತೆಲ್ಲ ಬಡ್ಡಿಗೇ ಸರಿಹೋಗುತ್ತಿರುವಾಗ ಅಸಲಿಗೆ ಬೀಳುವ ಸಣ್ಣ ಚೂರಿನಲ್ಲಿ ಇನ್ನೊಂದು ಚೂರು ಕಡಿಮೆಯಾದರೂ ಸಾಲ ತೀರುವ ದಿನ ದಿಗಂತದ ಆಚೆ ಓಡುತ್ತೆ. ಹಾಗೇ ಬಿಟ್ಟಿದ್ದರೆ 40 ಲಕ್ಷಕ್ಕೆ ನಾನು ಕಟ್ಟುವುದು ಒಂದೂವರೆ ಕೋಟಿಗಿಂತ ಜಾಸ್ತಿ.

ಬ್ಯಾಂಕಿಗೆ ಹೋದೆ. ಕೌಂಟರಿನವರು ಮರಾಠಿಯಲ್ಲಿ ಬಹಳ ಮರ್ಯಾದೆಯಿಂದಲೇ ಹೇಳಿದರು: "ಇಎಂಐ ಸೇಮ್ ಇದೆಯಲ್ಲ ಸರ್, ಟೆನ್ಷನ್ ಯಾಕೆ? ಅದು ಸಿಸ್ಟಮ್ ತೋರಿಸೋದು." ನಿಜ ಹೇಳಬೇಕೆಂದರೆ ದರ ಏರಿದಾಗಲೆಲ್ಲ ಮೆಸೇಜ್ ಬಂದಿತ್ತು. ಪಿಜ್ಜಾ ಆಫರಿನ ಮೆಸೇಜುಗಳ ನಡುವೆ ಅವೂ ಬಿದ್ದಿದ್ದವು, ನಾನು ಓದಿರಲಿಲ್ಲ. ಹಾಗಾಗಿ ಎಲ್ಲ ತಪ್ಪನ್ನೂ ಅವರ ತಲೆಗೆ ಕಟ್ಟೋದು ಸರಿಯಲ್ಲ. ಆದರೆ "ಕಂತು ಏರಿಸಲಾ, ಅವಧಿ ಏರಿಸಲಾ" ಅಂತ ಯಾರೂ ನನ್ನನ್ನು ಕೇಳಿರಲಿಲ್ಲ. ಇದು ನನ್ನೊಬ್ಬನ ಕತೆಯೂ ಅಲ್ಲ. ಅದೇ ವರ್ಷ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಆದೇಶ ಹೊರಡಿಸಿತು. ದರ ಬದಲಾದಾಗ ಸಾಲಗಾರನಿಗೆ ತಿಳಿಸಬೇಕು. ಕಂತು ಏರಿಸೋದೋ, ಅವಧಿ ಏರಿಸೋದೋ, ಎರಡೂ ಸ್ವಲ್ಪ ಸ್ವಲ್ಪವೋ ಅಂತ ಆಯ್ಕೆ ಕೊಡಬೇಕು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಕೊಡಬೇಕು, ಅದರಲ್ಲಿ ಇಲ್ಲಿಯವರೆಗೆ ಎಷ್ಟು ಬಡ್ಡಿ ಎಷ್ಟು ಅಸಲು ಹೋಯಿತು, ಎಷ್ಟು ಕಂತು ಉಳಿಯಿತು ಅನ್ನೋದು ಇರಬೇಕು. ಮಾವನ ಎರಡು ಪ್ರಶ್ನೆಗೂ ಅದರಲ್ಲಿ ಉತ್ತರ ಇದೆ. ಆದರೆ ತೆರೆದು ನೋಡುವ ಕೆಲಸವನ್ನು ರಿಸರ್ವ್ ಬ್ಯಾಂಕ್ ಮಾಡಿಕೊಡೋದಿಲ್ಲ.

ಇಲ್ಲಿ ಒಂದು ತಪ್ಪು ಕಲ್ಪನೆಯ ಬಗ್ಗೆ ಹೇಳಲೇಬೇಕು. ನಮ್ಮವರಲ್ಲಿ ಬಹಳ ಜನ "ಬ್ಯಾಂಕಿನವರು ಮೊದಲು ಬಡ್ಡಿ ಎಲ್ಲ ಕಿತ್ತುಕೊಂಡು ಆಮೇಲೆ ಅಸಲು ಮುಟ್ಟುತ್ತಾರೆ" ಅಂತಾರೆ, ಏನೋ ಮೋಸ ನಡೆದ ಹಾಗೆ. ಮೋಸ ಏನಿಲ್ಲ. ಪ್ರತಿ ತಿಂಗಳೂ ಆಗ ಬಾಕಿ ಇರುವ ಸಾಲಕ್ಕೆ ಮಾತ್ರ ಬಡ್ಡಿ. ಮೊದಲ ತಿಂಗಳು 40 ಲಕ್ಷ ಪೂರ್ತಿ ಬಾಕಿ, ಅದಕ್ಕೆ 6.9ರ ಲೆಕ್ಕದಲ್ಲಿ 23,000 ಬಡ್ಡಿ. ಕಂತಿನಲ್ಲಿ ಉಳಿದ 7,772 ಅಸಲಿಗೆ. ಮುಂದಿನ ತಿಂಗಳು ಅಸಲು ಅಷ್ಟು ಕಡಿಮೆ, ಬಡ್ಡಿಯೂ ಒಂದು ಚೂರು ಕಡಿಮೆ. ಇದು ಶುರುವಿನಲ್ಲಿ ಎಷ್ಟು ನಿಧಾನ ಅಂದರೆ, ದರ ಒಂದು ಸಲವೂ ಏರದೆ 6.9ರಲ್ಲೇ ನಿಂತಿದ್ದರೂ ನನ್ನ ಸಾಲ ಅರ್ಧ ತೀರಲು 13 ವರ್ಷ ದಾಟಬೇಕಿತ್ತು. ಉಳಿದ ಅರ್ಧ ಏಳು ವರ್ಷದೊಳಗೆ ಮುಗಿಯುತ್ತೆ. ಮೊದಲ ಎರಡು ವರ್ಷದಲ್ಲಿ ನಾನು ಕಟ್ಟಿದ್ದು 7 ಲಕ್ಷದ ಮೇಲೆ, ಸಾಲ ಇಳಿದದ್ದು 1,40,000.

ಅವಧಿಯ ವಿಷಯದಲ್ಲೂ ಇದೇ. ಸಾಲ ಕೊಡುವಾಗ ನನಗೆ 30 ವರ್ಷದ್ದೂ ತೋರಿಸಿದ್ದರು. ಕಂತು 26,344, ತಿಂಗಳಿಗೆ ನಾಲ್ಕೂವರೆ ಸಾವಿರ ಕಡಿಮೆ. ಒಟ್ಟು ಕಟ್ಟೋದು ಸುಮಾರು 21 ಲಕ್ಷ ಜಾಸ್ತಿ. ಆ ಎರಡನೇ ಸಂಖ್ಯೆ ಯಾವ ಬ್ರೋಷರಿನಲ್ಲೂ ದಪ್ಪ ಅಕ್ಷರದಲ್ಲಿ ಇರೋದಿಲ್ಲ.

ಆದರೂ ವಾಟ್ಸಾಪಿನಲ್ಲಿ ತಿರುಗುವ "ಬ್ಯಾಂಕು ಎರಡು ಮನೆಯ ದುಡ್ಡು ತಗೊಂಡು ಒಂದು ಮನೆ ಕೊಡುತ್ತೆ" ಅನ್ನುವ ಮಾತನ್ನು ನಾನು ಈಗ ಪೂರ್ತಿ ನಂಬೋದಿಲ್ಲ. 2041ರ ರೂಪಾಯಿ 2021ರ ರೂಪಾಯಿ ಅಲ್ಲ. ರಿಸರ್ವ್ ಬ್ಯಾಂಕ್ ಬೆಲೆಯೇರಿಕೆಗೆ ಇಟ್ಟುಕೊಂಡ ಗುರಿಯೇ ವರ್ಷಕ್ಕೆ 4 ಪರ್ಸೆಂಟ್. ಅಷ್ಟೇ ಏರಿದರೂ ಹದಿನೆಂಟು ವರ್ಷಕ್ಕೆ ರೂಪಾಯಿ ಅರ್ಧಕ್ಕೆ ಬಂದಿರುತ್ತೆ. ಕೊನೆಯ ಕಂತುಗಳು ಮೊದಲಿನವುಗಳಷ್ಟು ಭಾರ ಇರೋದಿಲ್ಲ. ಇನ್ನು ಬಾಡಿಗೆ. ಇದೇ ಡೊಂಬಿವಲಿಯಲ್ಲಿ ನಾವು 12,000 ಬಾಡಿಗೆ ಕೊಡುತ್ತಿದ್ದೆವು. ಹಾಗಾಗಿ ಮೊದಲ ತಿಂಗಳ 23,000 ಬಡ್ಡಿಯಲ್ಲಿ 12,000 ಹೇಗೂ ಹೋಗಲಿಕ್ಕಿತ್ತು. ಮನೆ ನಮ್ಮದಾಗಿಸಿಕೊಂಡ ನಿಜವಾದ ದಂಡ 11,000, ಅದರ ಮೇಲೆ ಸೊಸೈಟಿಯ ಮೇಂಟೆನೆನ್ಸ್. ಹೆಂಡತಿ ಇದಕ್ಕೆ ಇನ್ನೊಂದು ಲೆಕ್ಕ ಸೇರಿಸುತ್ತಾಳೆ. ಹನ್ನೊಂದು ತಿಂಗಳ ಅಗ್ರಿಮೆಂಟ್ ಮುಗಿದಾಗಲೆಲ್ಲ ಓನರ್ ಏನಂತಾರೋ ಅನ್ನುವ ಹೆದರಿಕೆ, ಟೆಂಪೋದಲ್ಲಿ ಫ್ರಿಜ್ಜು ಏರಿಸಿ ಇಳಿಸೋದು, ಆರು ವರ್ಷದಲ್ಲಿ ನಾಲ್ಕು ಸಲ. ಅದಕ್ಕೆ ಎಷ್ಟು ರೂಪಾಯಿ ಹಾಕ್ತೀರಿ ಅಂತ ಕೇಳುತ್ತಾಳೆ. ನಾನು ಸುಮ್ನಾಗುತ್ತೇನೆ.

ಟ್ಯಾಕ್ಸ್ ಉಳಿಯುತ್ತೆ ಅಂತ ಸಾಲ ಮಾಡಿ ಅನ್ನೋರ ಮಾತು ಮಾತ್ರ ಕೇಳಬೇಡಿ. ಇನ್ಕಮ್ ಟ್ಯಾಕ್ಸಿನ ಹಳೆಯ ಪದ್ಧತಿಯಲ್ಲಿ ನಾವೇ ವಾಸ ಇರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ. 20 ಪರ್ಸೆಂಟಿನ ಸ್ಲ್ಯಾಬಿನವನಿಗೆ ಅದರಿಂದ ಉಳಿಯೋದು 40 ಸಾವಿರ ಚಿಲ್ಲರೆ. ಹೊಸ ಪದ್ಧತಿಗೆ ಹೋದರೆ ಅದೂ ಇಲ್ಲ.

ಮತ್ತೆ ನನ್ನ 518ಕ್ಕೆ ಬರೋಣ. ಫಾರಂ ತುಂಬಿ ಕಂತು ಏರಿಸಿಕೊಂಡೆ. ಮೊದಲಿನ ಹಾಗೆ 2041ಕ್ಕೇ ಮುಗಿಯಬೇಕು ಅಂದರೆ 9.4ರಲ್ಲಿ 37,044 ಕಟ್ಟಬೇಕಿತ್ತು. ತಿಂಗಳಿಗೆ 6,272 ಜಾಸ್ತಿ. ಕಷ್ಟವೇ ಆಯಿತು. ಆ ವರ್ಷ ಊರಿಗೆ ಮತ್ಸ್ಯಗಂಧ ರೈಲಿನಲ್ಲಿ ಎಸಿ ಬಿಟ್ಟು ಸ್ಲೀಪರಿನಲ್ಲಿ ಹೋದೆವು. ಪುಟ್ಟ ಮಗಳಿಗೆ ಅದೇ ಖುಷಿಯಾಯಿತು, ಕಿಟಕಿ ತೆರೆಯಬಹುದು ಅಂತ.

ಮಾಡಿದ ಇನ್ನೊಂದು ಕೆಲಸ ಅಂದರೆ ಎಫ್‌ಡಿ ಮುರಿದದ್ದು. ಒಂದು ಲಕ್ಷದ್ದು, ಮಗಳ ಹೆಸರಿನ ಮೇಲೆ ಪ್ರೀತಿಯಿಂದ ಇಟ್ಟಿದ್ದು. ಅದರ ಬಡ್ಡಿ ನನ್ನ ಸಾಲದ ಬಡ್ಡಿಗಿಂತ ಎಷ್ಟೋ ಕಡಿಮೆ, ಅದಕ್ಕೂ ಟ್ಯಾಕ್ಸ್ ಬೇರೆ. ಅದನ್ನು ಅಸಲಿಗೆ ಕಟ್ಟಿದೆ. ಒಂದೇ ಏಟಿಗೆ ಕೊನೆಯಿಂದ 14 ಕಂತು ಮಾಯ! ಒಂದು ಲಕ್ಷ ಕೊಟ್ಟು ಐದು ಲಕ್ಷದ ಕಂತು ತಪ್ಪಿಸಿಕೊಂಡೆ ಅಂತ ಮೊದಲು ಕುಣಿದಾಡಿದೆ. ಆಮೇಲೆ ಯೋಚನೆ ಮಾಡಿದರೆ ಅದರಲ್ಲಿ ಜಾದೂ ಏನಿಲ್ಲ. ಒಂದು ಲಕ್ಷವನ್ನು 9.4ರ ಚಕ್ರಬಡ್ಡಿಯಲ್ಲಿ ಹದಿನೆಂಟು ವರ್ಷ ಇಟ್ಟರೆ ಅದೂ ಐದು ಲಕ್ಷ ದಾಟುತ್ತೆ. ಅಂದರೆ ಅಸಲಿಗೆ ಕಟ್ಟೋದು ಅಂದರೆ ಟ್ಯಾಕ್ಸ್ ಇಲ್ಲದ, ಅಪಾಯ ಇಲ್ಲದ 9.4ರ ಎಫ್‌ಡಿ ಇಟ್ಟ ಹಾಗೆ. ಅಂಥ ಎಫ್‌ಡಿಯನ್ನು ಯಾವ ಬ್ಯಾಂಕೂ ಕೊಡೋದಿಲ್ಲ. ಅದೇ ಲಕ್ಷವನ್ನು ಕೊನೆಯ ಐದು ವರ್ಷ ಉಳಿದಾಗ ಕಟ್ಟಿದ್ದರೆ ತಪ್ಪುತ್ತಿದ್ದದ್ದು ನಾಲ್ಕು ಕಂತು ಚಿಲ್ಲರೆ.

ಹಾಗಂತ ಇದ್ದಬದ್ದ ದುಡ್ಡನ್ನೆಲ್ಲ ಸಾಲಕ್ಕೆ ಸುರಿಯೋದೂ ಬೇಡ. ಗೋಡೆಗೆ ಹೋದ ದುಡ್ಡು ಆಸ್ಪತ್ರೆಯ ಬಿಲ್ಲಿಗೆ ವಾಪಸ್ ಬರೋದಿಲ್ಲ. ಆರು ತಿಂಗಳ ಖರ್ಚು ಕೈಯಲ್ಲಿ ಇಟ್ಟುಕೊಂಡೇ ನಾನು ಕಟ್ಟುತ್ತಿರೋದು. ಫ್ಲೋಟಿಂಗ್ ದರದ ಮನೆ ಸಾಲವನ್ನು ಮೊದಲೇ ಕಟ್ಟಿದರೆ ದಂಡ ಹಾಕುವ ಹಾಗಿಲ್ಲ ಅಂತ 2012ರಲ್ಲೇ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಹೇಳಿದೆ. ಕಟ್ಟುವಾಗ ಮಾತ್ರ ಒಂದು ಜಾಗ್ರತೆ. "ಕಂತು ಇಳಿಸಬೇಡಿ, ಅವಧಿ ಇಳಿಸಿ" ಅಂತ ಬರೆದುಕೊಡಿ. ಬಾಯಲ್ಲಿ ಹೇಳಿದರೆ ಸಾಲದು.

ಹಾಗೇ ಹೊಸ ಗಿರಾಕಿಗಳಿಗೆ ಬ್ಯಾಂಕು ಎಷ್ಟು ದರ ಕೊಡುತ್ತಿದೆ ಅಂತ ಆಗಾಗ ನೋಡುತ್ತಿರಿ. ಹಳಬರಿಗಿಂತ ಅವರಿಗೆ ಕಡಿಮೆ ಇರೋದು ಸಾಮಾನ್ಯ. ಕೇಳಿದರೆ, ಒಂದಿಷ್ಟು ಫೀ ತೆಗೆದುಕೊಂಡು, ನಮಗೂ ಇಳಿಸುತ್ತಾರೆ. ಕೇಳದಿದ್ದರೆ ಯಾರೂ ಮನೆಗೆ ಬಂದು ಹೇಳೋದಿಲ್ಲ. ಎಲ್ಲ ತೀರಿದ ಮೇಲೆ ಬ್ಯಾಂಕಿನಲ್ಲಿಟ್ಟ ಮೂಲ ಪತ್ರಗಳನ್ನು 30 ದಿನದೊಳಗೆ ಕೊಡಬೇಕು, ಅವರ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ಕೊಡಬೇಕು ಅಂತ 2023ರ ಡಿಸೆಂಬರಿನಿಂದ ನಿಯಮ ಬಂದಿದೆ. ನನಗೆ ಆ ದಿನ ಇನ್ನೂ ದೂರ ಇದೆ.

2025ರಲ್ಲಿ ರೆಪೊ ನಾಲ್ಕು ಸಲ ಇಳಿದು 5.25ಕ್ಕೆ ಬಂತು. ನನ್ನ ದರ ಈಗ 8.15. ಕಂತು ಇಳಿಸಿಕೊಳ್ಳಬಹುದಿತ್ತು. ಹೆಂಡತಿ ಆಸೆಪಟ್ಟಳು, ನನಗೂ ಆಸೆಯಿತ್ತು. ಮುಟ್ಟಲಿಲ್ಲ. 37,044 ಹಾಗೇ ಹೋಗುತ್ತಿದೆ. ನಡುವೆ ಬೋನಸ್ಸು, ಆಫೀಸಿನ ಭಿಶಿ ಅಂತ ಇನ್ನೆರಡು ಸಲ ಒಂದೊಂದು ಲಕ್ಷ ಕಟ್ಟಿದೆ.

ಹೋದ ಜನವರಿಯಲ್ಲಿ ಮಾವ ಬಂದಿದ್ದರು. ಮೊಣಕಾಲು ನೋವು, ಮೂರು ಮಹಡಿ ಹತ್ತಿ ಏದುಸಿರು ಬಿಡುತ್ತಿದ್ದರು. ಚಹಾ ಕೊಟ್ಟೆ. ತಟ್ಟೆಗೆ ಬಗ್ಗಿಸಿಕೊಂಡು ಊದುತ್ತಾ ಕೇಳಿದರು, "ಇನ್ನೆಷ್ಟು ಉಂಟಾ?"

"134 ಮಾವ."

"ಲಕ್ಷವಾ?"

"ಅಲ್ಲ, ಕಂತು."

ಮಾವ ಸ್ವಲ್ಪ ಹೊತ್ತು ಬೆರಳು ಮಡಚಿ ಏನೋ ಲೆಕ್ಕ ಹಾಕಿದರು. "ಕಡೇ ಕಂತು ಪೂರ್ತಿ ಇರುದಿಲ್ಲ, ಸಣ್ಣದಿರ್ತದೆ. ಜಾಸ್ತಿ ಕಟ್ಟಿಬಿಡ್ಬೇಡ, ನೋಡ್ಕೋ" ಅಂದರು.